ರಸಾಯನಶಾಸ್ತ್ರದ ಮೇಷ್ಟ್ರು ಮೈದಾನಕ್ಕಿಳಿದಾಗ

'ಆಟವೋ, ಪಾಠವೋ, ಎರಡರಲ್ಲಿ ಒಂದನ್ನು ಹಿಡಿ.' ಪರೀಕ್ಷೆ ಹತ್ತಿರ ಬಂದ ಮನೆಗಳಲ್ಲಿ ಮಕ್ಕಳ ಕಿವಿಗೆ ಬೀಳುವ ಮಾತು ಇದು. ಚೆಂಡು ಅಟ್ಟ ಸೇರುತ್ತದೆ, ಪುಸ್ತಕ ಮೇಜಿಗೆ ಬರುತ್ತದೆ. ಹೆತ್ತವರ ಆತಂಕ ಸುಳ್ಳಲ್ಲ. ಆದರೆ ಆಟ ಮತ್ತು ಪಾಠ ಎರಡನ್ನೂ ಒಂದೇ ಜೀವನದಲ್ಲಿ ಹಿಡಿದು, ಎರಡಕ್ಕೂ ನ್ಯಾಯ ಒದಗಿಸಿದವರು ಇಲ್ಲವೇ ಇಲ್ಲವೆಂದಲ್ಲ. ಬೆಳಿಗ್ಗೆ ಪ್ರಯೋಗಶಾಲೆಯಲ್ಲಿ ಗಾಜಿನ ಕೊಳವೆ, ಸಂಜೆ ಮೈದಾನದಲ್ಲಿ ಚರ್ಮದ ಚೆಂಡು ಹಿಡಿದು ಬದುಕಿದ ಅಂಥ ಒಬ್ಬರು ಅಮೆರಿಕದ ನೂಟ್ ರಾಕ್ನಿ. ಕಾಲೇಜು ಫುಟ್‌ಬಾಲ್ ತರಬೇತುದಾರರ ಸಾಲಿನಲ್ಲಿ ಅವರ ಹೆಸರು ಇಂದಿಗೂ ಮೊದಲ ಪಂಕ್ತಿಯಲ್ಲಿದೆ.

ರಾಕ್ನಿ ಹುಟ್ಟಿದ್ದು ಅಮೆರಿಕದಲ್ಲಲ್ಲ. 1888ರ ಮಾರ್ಚ್ 4ರಂದು ನಾರ್ವೆ ದೇಶದ ವೊಸ್ ಎಂಬ ಊರಿನಲ್ಲಿ. ತಂದೆ ಕುದುರೆಗಾಡಿ ತಯಾರಿಸುವ ಕುಶಲಕರ್ಮಿ. 1893ರಲ್ಲಿ ಷಿಕಾಗೋ ನಗರದಲ್ಲಿ ವಿಶ್ವಮೇಳ ನಡೆದಾಗ ತಾವು ಮಾಡಿದ ಗಾಡಿಯನ್ನು ಪ್ರದರ್ಶಿಸಲು ಅವರು ಕಡಲು ದಾಟಿದರು. ಸ್ವಾಮಿ ವಿವೇಕಾನಂದರು ಭಾಷಣ ಮಾಡಿದ ಸರ್ವಧರ್ಮ ಸಮ್ಮೇಳನ ಜರುಗಿದ್ದೂ ಆ ಮೇಳದ ಅಂಗವಾಗಿಯೇ. ಆ ನಗರ ತಂದೆಗೆ ಹಿಡಿಸಿತು; ಹೆಂಡತಿ ಮಕ್ಕಳನ್ನೂ ಕರೆಸಿಕೊಂಡರು. ಹಡಗಿನಿಂದಿಳಿದಾಗ ನೂಟ್‌ಗೆ ಐದು ವರ್ಷ. ಭಾಷೆ ಹೊಸದು, ಬೀದಿ ಹೊಸದು. ಬೀದಿಯ ಹುಡುಗರೊಡನೆ ಆಡುತ್ತಲೇ ಅವನು ಆ ದೇಶದವನಾದ.

ಶಾಲೆಯಲ್ಲಿ ಹುಡುಗ ಜಾಣನೇ. ಆದರೆ ಓಟದ ಹುಚ್ಚು ಹೆಚ್ಚು. ಅಭ್ಯಾಸಕ್ಕಾಗಿ ತರಗತಿ ತಪ್ಪಿಸಿದ್ದರ ಫಲವಾಗಿ ಪ್ರೌಢಶಾಲೆಯ ಪ್ರಮಾಣಪತ್ರ ಕೈಗೆ ಬರಲಿಲ್ಲ. ಮುಂದೆ ಷಿಕಾಗೋ ಅಂಚೆ ಕಚೇರಿಯಲ್ಲಿ ಕಾಗದ ವಿಂಗಡಿಸಿ ರವಾನಿಸುವ ಕೆಲಸ. ಸುಮಾರು ನಾಲ್ಕು ವರ್ಷ ಅದನ್ನೇ ಮಾಡುತ್ತ ಕಾಲೇಜಿಗೆಂದು ಹಣ ಕೂಡಿಟ್ಟ. ಒಟ್ಟು ಒಂದು ಸಾವಿರ ಡಾಲರ್ ಆದಾಗ ವಯಸ್ಸು ಇಪ್ಪತ್ತೆರಡು. ಜೊತೆಯವರು ಕಾಲೇಜು ಮುಗಿಸಿ ಹೊರಬರುವ ವಯಸ್ಸಿನಲ್ಲಿ ಈತ ಒಳಹೋಗಲು ಹೊರಟಿದ್ದ. ಇಲಿನಾಯ್ ವಿಶ್ವವಿದ್ಯಾಲಯ ಸೇರುವ ಯೋಚನೆಯಿತ್ತು. ಜೊತೆಯಲ್ಲಿ ಓಡುತ್ತಿದ್ದ ಇಬ್ಬರು ಗೆಳೆಯರು ಇಂಡಿಯಾನಾ ರಾಜ್ಯದ ಸೌತ್ ಬೆಂಡ್ ಎಂಬ ಊರಿನ ನೋಟರ್ ಡೇಮ್ ಕಾಲೇಜಿಗೆ ಹೊರಟಿದ್ದರು. ಅವರ ಒತ್ತಾಯಕ್ಕೆ ಅಲ್ಲಿಗೇ ಹೋದ. ಪ್ರವೇಶ ಪರೀಕ್ಷೆ ಬರೆದು 1910ರಲ್ಲಿ ವಿದ್ಯಾರ್ಥಿಯಾದ.

ಕ್ಯಾಥೊಲಿಕ್ ಪಾದ್ರಿಗಳು ನಡೆಸುತ್ತಿದ್ದ ಆ ಕಾಲೇಜು ಆಗ ಹೇಳಿಕೊಳ್ಳುವಷ್ಟು ಹೆಸರು ಪಡೆದಿರಲಿಲ್ಲ. ರಾಕ್ನಿ ಆರಿಸಿಕೊಂಡದ್ದು ಔಷಧಶಾಸ್ತ್ರ. ತಲೆಗೂದಲು ಆಗಲೇ ತೆಳುವಾಗತೊಡಗಿದ್ದ ಈ ದೊಡ್ಡ ವಯಸ್ಸಿನ ವಿದ್ಯಾರ್ಥಿ ಓದಿನಲ್ಲಿ ಹಿಂದೆ ಬೀಳಲಿಲ್ಲ. 1914ರಲ್ಲಿ ಉನ್ನತ ಶ್ರೇಣಿಯಲ್ಲಿ ಪದವಿ ಪಡೆದ. ಅದಕ್ಕೆ ಮುಂಚಿನ ವರ್ಷ ಅವನೇ ಕಾಲೇಜು ಫುಟ್‌ಬಾಲ್ ತಂಡದ ನಾಯಕ.

ಚೆಂಡು ಆಕಾಶಕ್ಕೇರಿತು

ಇಲ್ಲಿ ಒಂದು ಮಾತು ವಿವರಿಸಬೇಕು. ಅಮೆರಿಕನ್ನರು ಫುಟ್‌ಬಾಲ್ ಎನ್ನುವುದು ನಾವು ಕಾಲಿನಿಂದ ಒದ್ದು ಆಡುವ ಆಟವಲ್ಲ. ಅಲ್ಲಿ ಚೆಂಡು ಗುಂಡಗಿಲ್ಲ, ಎರಡೂ ತುದಿ ಚೂಪಾದ ಮೊಟ್ಟೆಯಾಕಾರ. ನೂರು ಗಜ ಉದ್ದದ ಮೈದಾನದಲ್ಲಿ ಹನ್ನೊಂದು ಹನ್ನೊಂದು ಜನರ ಎರಡು ತಂಡ. ಚೆಂಡು ಹಿಡಿದ ತಂಡ ನಾಲ್ಕು ಪ್ರಯತ್ನಗಳಲ್ಲಿ ಹತ್ತು ಗಜ ಮುಂದೆ ಸಾಗಬೇಕು. ಆಗದಿದ್ದರೆ ಚೆಂಡು ಎದುರಾಳಿಗಳ ಪಾಲು. ಎದುರಾಳಿಗಳು ಬಿಡುವರೇ? ಮೈಮೇಲೆ ಬಿದ್ದು ನೆಲಕ್ಕೆ ಕೆಡವುತ್ತಾರೆ. ಕಬಡ್ಡಿ, ಕುಸ್ತಿ, ಓಟ ಮೂರೂ ಕಲೆತ ಆಟ ಎಂದರೆ ಅರ್ಧ ಚಿತ್ರ ಸಿಕ್ಕೀತು.

ಹಿಂದೆ ಈ ಆಟದಲ್ಲಿ ಚೆಂಡನ್ನು ಮುಂದಕ್ಕೆ ಎಸೆಯುವಂತಿರಲಿಲ್ಲ. ತೋಳಿಗೆ ತೋಳು ಸೇರಿಸಿ ಗುಂಪಾಗಿ ನುಗ್ಗುವುದೇ ಆಟ. 1905ರ ಒಂದೇ ಋತುವಿನಲ್ಲಿ ಕನಿಷ್ಠ ಹದಿನೆಂಟು ಆಟಗಾರರು ಪ್ರಾಣ ಕಳೆದುಕೊಂಡರು. ಅಧ್ಯಕ್ಷ ಥಿಯೊಡರ್ ರೂಸ್‌ವೆಲ್ಟ್ ಅವರೇ ಹಾರ್ವರ್ಡ್, ಯೇಲ್, ಪ್ರಿನ್ಸ್‌ಟನ್‌ಗಳ ಪ್ರತಿನಿಧಿಗಳನ್ನು ಶ್ವೇತಭವನಕ್ಕೆ ಕರೆಸಿ, ಆಟವನ್ನು ಸುಧಾರಿಸಿ ಎಂದು ಹೇಳಬೇಕಾಯಿತು. 1906ರಲ್ಲಿ ನಿಯಮ ಬದಲಾಗಿ ಚೆಂಡನ್ನು ಮುಂದಕ್ಕೆ ಎಸೆಯಲು ಅನುಮತಿ ದೊರೆಯಿತು. ಆದರೂ ಷರತ್ತುಗಳು ಹಲವು, ದೊಡ್ಡ ಕಾಲೇಜುಗಳಿಗೆ ಹಳೆಯ ದಾರಿಯೇ ಇಷ್ಟ. 1912ರಲ್ಲಿ ಇಪ್ಪತ್ತು ಗಜಕ್ಕಿಂತ ದೂರ ಎಸೆಯಬಾರದೆಂಬ ಮಿತಿ ಹೋಯಿತು, ಚೆಂಡಿನ ಸುತ್ತಳತೆಯೂ ಕಿರಿದಾಯಿತು.

1913ರ ಬೇಸಿಗೆ ರಜೆಯಲ್ಲಿ ರಾಕ್ನಿ ಮತ್ತು ಸಹಪಾಠಿ ಗಸ್ ಡೊರೇ ಓಹಾಯೋ ರಾಜ್ಯದಲ್ಲಿ ಈರಿ ಸರೋವರದ ದಂಡೆಯ ಸೀಡರ್ ಪಾಯಿಂಟ್ ಎಂಬ ವಿಹಾರಧಾಮದಲ್ಲಿ ದುಡಿಯಲು ಹೋದರು. ಖರ್ಚಿಗೆ ಹಣ ಬೇಕಿತ್ತು. ಹೋಗುವಾಗ ಒಂದು ಚೆಂಡನ್ನೂ ಒಯ್ದರು. ಕೆಲಸದ ಬಿಡುವಿನಲ್ಲಿ ಮರಳ ಮೇಲೆ ಒಬ್ಬ ಎಸೆಯುವುದು, ಇನ್ನೊಬ್ಬ ಓಡುತ್ತಲೇ ಹಿಡಿಯುವುದು. ಚೆಂಡನ್ನು ಎದೆಗೆ ಅವುಚಿ ಹಿಡಿಯುವುದು ಅಂದಿನ ರೂಢಿ. ಇವರು ಬೆರಳುಗಳನ್ನು ಸಡಿಲವಾಗಿಟ್ಟು ಅಂಗೈಯಲ್ಲಿ ಹಿಡಿಯಲು ಕಲಿತರು. ಚೆಂಡು ಬಂದು ತಾಕುವಾಗ ಕೈಯನ್ನು ತುಸು ಹಿಂದಕ್ಕೆ ಎಳೆದುಕೊಂಡರೆ ಅದರ ವೇಗ ನಿಧಾನವಾಗಿ ಇಳಿಯುತ್ತದೆ, ಪೆಟ್ಟು ಕಡಿಮೆ, ಹಿಡಿತ ಭದ್ರ. ಕ್ರಿಕೆಟ್ ಆಡುವ ಹುಡುಗರಿಗೆಲ್ಲ ಗೊತ್ತಿರುವ ಭೌತಶಾಸ್ತ್ರವಿದು.

ಎಸೆತದಲ್ಲೂ ವಿಜ್ಞಾನವಿದೆ. ಮೊಟ್ಟೆಯಾಕಾರದ ಚೆಂಡನ್ನು ಸುಮ್ಮನೆ ಎಸೆದರೆ ಗಾಳಿಯಲ್ಲಿ ಪಲ್ಟಿ ಹೊಡೆದು ಎಲ್ಲೋ ಬೀಳುತ್ತದೆ. ಬಿಡುವಾಗ ಬೆರಳಿನಿಂದ ತಿರುವಿದರೆ ತನ್ನ ಉದ್ದದ ಅಕ್ಷದ ಸುತ್ತ ತಿರುಗುತ್ತ ಮೂತಿ ಮುಂದು ಮಾಡಿಕೊಂಡು ಸಾಗುತ್ತದೆ. ಸುತ್ತುವ ಬುಗುರಿ ಬೀಳದೆ ನಿಲ್ಲುವುದಕ್ಕೆ ಏನು ಕಾರಣವೋ ಇದಕ್ಕೂ ಅದೇ ಕಾರಣ. ತಿರುಗುವ ವಸ್ತು ತನ್ನ ಅಕ್ಷದ ದಿಕ್ಕನ್ನು ಅಷ್ಟು ಸುಲಭವಾಗಿ ಬಿಟ್ಟುಕೊಡುವುದಿಲ್ಲ.

ಆ ವರ್ಷ ನವೆಂಬರ್ 1ರಂದು ನೋಟರ್ ಡೇಮ್ ತಂಡ ವೆಸ್ಟ್ ಪಾಯಿಂಟ್‌ನ ಸೈನಿಕ ಅಕಾಡೆಮಿಯ ಬಲಾಢ್ಯ ತಂಡವನ್ನು ಎದುರಿಸಿತು. ಮಧ್ಯಪ್ರಾಂತ್ಯದ ಈ ಹುಡುಗರನ್ನು ಯಾರೂ ಗಂಭೀರವಾಗಿ ಎಣಿಸಿರಲಿಲ್ಲ. ಆಟದ ನಡುವೆ ರಾಕ್ನಿ ಕಾಲು ನೋವಾದವನಂತೆ ಕುಂಟತೊಡಗಿದ. ಸೈನಿಕರು ಅವನತ್ತ ಗಮನ ಕೊಡುವುದನ್ನೇ ಬಿಟ್ಟರು. ಇದ್ದಕ್ಕಿದ್ದಂತೆ ಕುಂಟ ಓಟಗಾರನಾದ. ಡೊರೇ ಎಸೆದ ಚೆಂಡು ನೇರವಾಗಿ ಅವನ ಕೈಗೆ ಬಂತು. ಆ ದಿನ ಡೊರೇ 17 ಬಾರಿ ಎಸೆದ, 14 ಬಾರಿ ಚೆಂಡು ತನ್ನವರ ಕೈ ಸೇರಿತು, 243 ಗಜ ದಕ್ಕಿತು. ಫಲಿತಾಂಶ 35-13. ಸೈನಿಕರು ಸೋತಿದ್ದರು. ಮುಂದಕ್ಕೆ ಎಸೆಯುವ ತಂತ್ರವನ್ನು ಕಂಡುಹಿಡಿದವನೇ ರಾಕ್ನಿ ಎಂದು ಜನ ಹೊಗಳತೊಡಗಿದರು. ರಾಕ್ನಿ ಅದನ್ನು ಒಪ್ಪಲಿಲ್ಲ. ತಮಗಿಂತ ಮೊದಲೇ ಬೇರೆಯವರು ಅದನ್ನು ಆಡಿದ್ದರೆಂದು ತಿದ್ದಿದರು. ತನ್ನದಲ್ಲದ ಕೀರ್ತಿಯನ್ನು ಹಿಂತಿರುಗಿಸುವ ಗುಣ ವಿಜ್ಞಾನ ಓದಿದವರಲ್ಲಿ ಇರಲೇಬೇಕಾದದ್ದು.

ಬೆಳಿಗ್ಗೆ ಆಮ್ಲ, ಸಂಜೆ ಆಟ

ಪದವಿಯ ನಂತರ ವೈದ್ಯನಾಗುವ ಆಸೆಯಿತ್ತು. ವೈದ್ಯಕೀಯ ಓದುತ್ತ ಫುಟ್‌ಬಾಲ್ ತರಬೇತಿಯನ್ನೂ ನೀಡಲು ಅವಕಾಶ ದೊರೆಯದೆ ಅದನ್ನು ಬಿಡಬೇಕಾಯಿತು. ನೋಟರ್ ಡೇಮ್ ಕಾಲೇಜು ರಸಾಯನಶಾಸ್ತ್ರ ವಿಭಾಗದಲ್ಲಿ ಕೆಲಸ ಕೊಟ್ಟಿತು. ಜೊತೆಗೆ ಫುಟ್‌ಬಾಲ್‌ನಲ್ಲಿ ಜೆಸ್ಸಿ ಹಾರ್ಪರ್ ಅವರಿಗೆ ಸಹಾಯಕ. ಪ್ರಯೋಗಶಾಲೆಯಲ್ಲಿ ಅವರ ಹಿರಿಯರು ಪಾದ್ರಿ ಜೂಲಿಯಸ್ ನ್ಯೂಲಂಡ್. ಅಸಿಟಲೀನ್ ಅನಿಲದ ಮೇಲೆ ವರ್ಷಗಟ್ಟಲೆ ಸಂಶೋಧನೆ ನಡೆಸಿದ ಈ ಪಾದ್ರಿಯ ಕೆಲಸವನ್ನು ಆಧರಿಸಿ ಡ್ಯುಪಾಂಟ್ ಕಂಪೆನಿಯ ವಿಜ್ಞಾನಿಗಳು ಮುಂದೆ ನಿಯೋಪ್ರೀನ್ ಎಂಬ ಕೃತಕ ರಬ್ಬರನ್ನು ತಯಾರಿಸಿದರು. ಅಂಥವರ ಬಳಿ ರಾಕ್ನಿ ದುಡಿದರು, ಹಲವು ವರ್ಷ ವಿದ್ಯಾರ್ಥಿಗಳಿಗೆ ರಸಾಯನಶಾಸ್ತ್ರ ಬೋಧಿಸಿದರು.

1918ರಲ್ಲಿ ಹಾರ್ಪರ್ ನಿವೃತ್ತರಾದಾಗ ರಾಕ್ನಿ ಮುಖ್ಯ ತರಬೇತುದಾರರಾದರು. ಮುಂದಿನ ಹದಿಮೂರು ವರ್ಷಗಳ ಲೆಕ್ಕ ಹೀಗಿದೆ: ಆಡಿದ ಪಂದ್ಯ 122, ಗೆಲುವು 105, ಸೋಲು 12, ಸಮ 5. ಐದು ಋತುಗಳಲ್ಲಿ ಒಂದೇ ಒಂದು ಸೋಲೂ ಇಲ್ಲ, ಒಂದು ಸಮವೂ ಇಲ್ಲ.

ಇದರ ಗುಟ್ಟೇನು? ದೈತ್ಯರನ್ನು ಹುಡುಕಿ ತಂದು ನಿಲ್ಲಿಸಿದ್ದಲ್ಲ. 1924ರ ಅವರ ತಂಡದ ಹಿಂದಿನ ಸಾಲಿನ ನಾಲ್ವರು, ಸ್ಟುಲ್‌ಡ್ರೆಹರ್, ಮಿಲ್ಲರ್, ಕ್ರೌಲಿ, ಲೇಡನ್, ಪತ್ರಕರ್ತ ಗ್ರಾಂಟ್‌ಲೆಂಡ್ ರೈಸ್ ಅವರ ಲೇಖನದಿಂದಾಗಿ 'ನಾಲ್ವರು ಅಶ್ವಾರೋಹಿಗಳು' ಎಂದು ದೇಶಕ್ಕೆಲ್ಲ ಪರಿಚಿತರಾದರು. ಆ ನಾಲ್ವರಲ್ಲಿ ಒಬ್ಬನ ತೂಕವೂ 74 ಕಿಲೋ ದಾಟಿರಲಿಲ್ಲ. ಸಂವೇಗವೆಂದರೆ ರಾಶಿ ಮತ್ತು ವೇಗದ ಗುಣಲಬ್ಧ ಎಂದು ಒಂಬತ್ತನೆಯ ತರಗತಿಯ ವಿದ್ಯಾರ್ಥಿಗೂ ಗೊತ್ತು. ರಾಶಿ ಕಡಿಮೆಯಿದ್ದರೆ ವೇಗ ಹೆಚ್ಚಿಸಿಕೊಳ್ಳಬೇಕು. ರಾಕ್ನಿ ಮಾಡಿದ್ದು ಅದನ್ನೇ. ಚೆಂಡು ಆಟಕ್ಕೆ ಬರುವ ಕ್ಷಣದಲ್ಲಿ ಹಿಂದಿನ ಸಾಲಿನ ಆಟಗಾರರು ತಾಳಕ್ಕೆ ಹೆಜ್ಜೆ ಹಾಕಿದಂತೆ ಒಟ್ಟಿಗೆ ಜಾಗ ಬದಲಿಸುತ್ತಿದ್ದರು. ಆ ಚಲನೆಯಲ್ಲಿಯೇ ಮುನ್ನುಗ್ಗುತ್ತಿದ್ದರು. ನಿಂತಲ್ಲೇ ನಿಂತ ಎದುರಾಳಿ ಏಳುವ ಹೊತ್ತಿಗೆ ಇವರು ದಾಟಿಯಾಗಿರುತ್ತಿತ್ತು. ಈ ಚಲನೆ ಎಷ್ಟು ಪರಿಣಾಮಕಾರಿಯಾಯಿತೆಂದರೆ, ಜಾಗ ಬದಲಿಸಿದ ಮೇಲೆ ಪೂರ್ತಿ ಒಂದು ಸೆಕೆಂಡು ನಿಲ್ಲಬೇಕೆಂದು 1927ರಲ್ಲಿ ನಿಯಮವನ್ನೇ ತರಬೇಕಾಯಿತು. ರಾಕ್ನಿ ಗೊಣಗಿದರು, ಆದರೆ ಹೊಸ ನಿಯಮಕ್ಕೆ ತಕ್ಕಂತೆ ಆಟವನ್ನು ಮತ್ತೆ ಕಟ್ಟಿದರು.

ಸೋಲು, ಸುಳ್ಳು ಮತ್ತು ಸಾವು

ಅವರಲ್ಲಿ ದೋಷಗಳಿರಲಿಲ್ಲವೇ? ಇದ್ದವು. 1926ರ ನವೆಂಬರ್‌ನಲ್ಲಿ ಪಿಟ್ಸ್‌ಬರ್ಗ್‌ನ ಕಾರ್ನೆಗಿ ಟೆಕ್ ತಂಡದೊಡನೆ ಪಂದ್ಯವಿತ್ತು. ಎದುರಾಳಿ ಸುಲಭ ಎಂದು ಬಗೆದು ರಾಕ್ನಿ ತಂಡವನ್ನು ಸಹಾಯಕರಿಗೆ ಒಪ್ಪಿಸಿ, ಸೈನ್ಯ ಮತ್ತು ನೌಕಾದಳದ ನಡುವಿನ ದೊಡ್ಡ ಪಂದ್ಯ ನೋಡಲು ಷಿಕಾಗೋಗೆ ಹೋದರು. ನೋಟರ್ ಡೇಮ್ 0-19ರಿಂದ ಸೋತಿತು. ಆ ಋತುವಿನಲ್ಲಿ ಕಂಡ ಸೋಲು ಅದೊಂದೇ. ತಿಳಿದ ಪಾಠವೆಂದು ಪುಸ್ತಕ ಮುಚ್ಚಿ ಪರೀಕ್ಷೆಗೆ ಹೋದ ವಿದ್ಯಾರ್ಥಿಯ ಕಥೆಯಂತೆಯೇ ಇದು.

ಇನ್ನೊಂದು ಸಂಗತಿ ಹೆಚ್ಚು ಯೋಚನೆಗೆ ಹಚ್ಚುತ್ತದೆ. 1922ರಲ್ಲಿ ಅಟ್ಲಾಂಟಾದಲ್ಲಿ ಜಾರ್ಜಿಯಾ ಟೆಕ್ ತಂಡದ ವಿರುದ್ಧ ಪಂದ್ಯ. ರಾಕ್ನಿ ಆಟಗಾರರ ಮುಂದೆ ತಂತಿಗಳನ್ನು ಓದುತ್ತ ಕೊನೆಯದನ್ನು ನಡುಗುವ ದನಿಯಲ್ಲಿ ಓದಿದರು: ತಮ್ಮ ಪುಟ್ಟ ಮಗ ಆಸ್ಪತ್ರೆಯಲ್ಲಿದ್ದಾನೆ, ಅಪ್ಪನ ತಂಡ ಗೆಲ್ಲಲಿ ಎನ್ನುತ್ತಿದ್ದಾನೆ. ಹುಡುಗರು ಕಣ್ಣೊರೆಸಿಕೊಂಡು ಮೈದಾನಕ್ಕೆ ಹೋಗಿ 13-3ರಿಂದ ಗೆದ್ದರು. ಊರಿಗೆ ಮರಳಿದಾಗ ರೈಲು ನಿಲ್ದಾಣದಲ್ಲಿ ಆ ಮಗುವೇ ನಗುನಗುತ್ತ ಕುಣಿಯುತ್ತಿತ್ತು. ಆಟಗಾರರು ಇದನ್ನು ಮುಂದೆ ತಮಾಷೆಯಾಗಿ ಹೇಳಿಕೊಂಡರು. ಆದರೂ ಗುರು ಹೇಳಿದ್ದು ಸುಳ್ಳೇ. ಶಿಷ್ಯರು ಗುರುವಿನ ಮೇಲಿಟ್ಟ ನಂಬಿಕೆ ಬ್ಯಾಂಕಿನಲ್ಲಿಟ್ಟ ಹಣದ ಹಾಗೆ. ಒಮ್ಮೆ ತೆಗೆದರೆ ಅಷ್ಟು ಕಡಿಮೆಯಾಗುತ್ತದೆ. 'ನಿನ್ನ ಅಂಕ ಕಡಿಮೆಯಾದರೆ ನಿನ್ನ ತಾಯಿ ಅನ್ನ ಬಿಡುತ್ತಾಳೆ' ಎಂದು ಹೆದರಿಸಿ ಓದಿಸುವ ಹೆತ್ತವರೂ ಈ ಘಟನೆಯನ್ನು ಒಮ್ಮೆ ನೆನೆಯುವುದು ಒಳ್ಳೆಯದು. ಅಂಥ ಮಾತಿನಿಂದ ಒಂದು ಪಂದ್ಯ ಗೆಲ್ಲಬಹುದು. ಎರಡನೆಯ ಸಲ ಅದೇ ಮಾತಿಗೆ ಅಷ್ಟು ಬಲ ಇರುವುದಿಲ್ಲ.

ಜಾರ್ಜ್ ಗಿಪ್ ಎಂಬ ಶಿಷ್ಯನ ಪ್ರಸಂಗವೂ ಇದಕ್ಕೆ ಸಂಬಂಧಿಸಿದ್ದೇ. ಬೇಸ್‌ಬಾಲ್ ಆಡಲೆಂದು ಬಂದಿದ್ದ ಗಿಪ್‌ನಲ್ಲಿ ಫುಟ್‌ಬಾಲ್ ಆಟಗಾರನನ್ನು ಗುರುತಿಸಿದವರು ರಾಕ್ನಿ. ಅಪ್ರತಿಮ ಪ್ರತಿಭೆ, ಶಿಸ್ತು ಕಡಿಮೆ. 1920ರ ಋತು ಮುಗಿಯುವ ಹೊತ್ತಿಗೆ ಅವನಿಗೆ ಗಂಟಲು ನೋವು ಬಂತು. ಸ್ಟ್ರೆಪ್ಟೋಕಾಕಸ್ ಬ್ಯಾಕ್ಟೀರಿಯಾದ ಸೋಂಕು, ಮೇಲೆ ನ್ಯುಮೋನಿಯ. ಡಿಸೆಂಬರ್ 14ರಂದು, ಇಪ್ಪತ್ತೈದನೆಯ ವಯಸ್ಸಿನಲ್ಲಿ ತೀರಿಕೊಂಡ. ಫ್ಲೆಮಿಂಗ್ ಪೆನಿಸಿಲಿನ್ ಗುರುತಿಸಿದ್ದು 1928ರಲ್ಲಿ. ಅದು ರೋಗಿಗಳ ಕೈಗೆಟುಕಿದ್ದು 1940ರ ದಶಕದಲ್ಲಿ. ಇಂದು ವೈದ್ಯರು ಬರೆದುಕೊಡುವ ಮಾತ್ರೆಗಳಿಂದ ವಾಸಿಯಾಗುವ ಗಂಟಲು ಬೇನೆ ಅಂದು ಒಬ್ಬ ಆಜಾನುಬಾಹು ತರುಣನನ್ನು ಕೊಂಡೊಯ್ದಿತು.

ಎಂಟು ವರ್ಷಗಳ ನಂತರ, 1928ರಲ್ಲಿ, ರಾಕ್ನಿಯವರ ತಂಡ ಅತ್ಯಂತ ದುರ್ಬಲವಾಗಿತ್ತು. ನವೆಂಬರ್ 10ರಂದು ನ್ಯೂಯಾರ್ಕಿನ ಯಾಂಕಿ ಕ್ರೀಡಾಂಗಣದಲ್ಲಿ ಸೈನ್ಯದ ತಂಡ ಎದುರಿಗಿತ್ತು. ತಂಡ ಎಂದಾದರೂ ಕಷ್ಟದಲ್ಲಿ ಸಿಲುಕಿದರೆ ತನ್ನ ಹೆಸರಿನಲ್ಲಿ ಒಮ್ಮೆ ಗೆಲ್ಲುವಂತೆ ಹುಡುಗರಿಗೆ ಹೇಳಿ ಎಂದು ಗಿಪ್ ಸಾಯುವಾಗ ಕೋರಿದ್ದನೆಂದು ರಾಕ್ನಿ ಆ ದಿನ ತಿಳಿಸಿದರು. ತಂಡ 12-6ರಿಂದ ಗೆದ್ದಿತು. ಗಿಪ್ ನಿಜವಾಗಿ ಹಾಗೆಂದನೇ ಎಂಬ ಚರ್ಚೆ ಇಂದಿಗೂ ಮುಗಿದಿಲ್ಲ. 1922ರ ತಂತಿಯ ಕಥೆ ಇಲ್ಲದಿದ್ದರೆ ಈ ಅನುಮಾನವೂ ಇಷ್ಟು ಗಟ್ಟಿಯಾಗಿ ಉಳಿಯುತ್ತಿರಲಿಲ್ಲ. 1940ರ ಚಲನಚಿತ್ರದಲ್ಲಿ ಗಿಪ್‌ನ ಪಾತ್ರ ವಹಿಸಿದ ನಟ ರೊನಾಲ್ಡ್ ರೇಗನ್ ಮುಂದೆ ಅಮೆರಿಕದ ಅಧ್ಯಕ್ಷರಾದರು. 1988ರಲ್ಲಿ ರಾಕ್ನಿಯವರ ನೆನಪಿನ ಅಂಚೆಚೀಟಿಯನ್ನು ಬಿಡುಗಡೆ ಮಾಡಿದವರೂ ಅವರೇ. ಅಂಚೆ ಕಚೇರಿಯಲ್ಲಿ ಕಾಗದ ವಿಂಗಡಿಸುತ್ತಿದ್ದವನ ಮುಖ ಅಂಚೆಚೀಟಿಯ ಮೇಲೆ ಬಂತು.

1928ರಲ್ಲಿ ರಾಕ್ನಿ ಕಂಡದ್ದು ಐದು ಗೆಲುವು, ನಾಲ್ಕು ಸೋಲು. ಅವರ ಕಾಲ ಮುಗಿಯಿತೆಂದು ಭಾವಿಸಲು ಅಷ್ಟು ಸಾಕಿತ್ತು. ಮರುವರ್ಷ ಕಾಲಿನ ರಕ್ತನಾಳಕ್ಕೆ ಉರಿಯೂತ, ಓಡಾಡುವಂತಿಲ್ಲ. ಹೊಸ ಕ್ರೀಡಾಂಗಣದ ಕಟ್ಟಡ ಕೆಲಸ ನಡೆಯುತ್ತಿದ್ದುದರಿಂದ ಒಂದು ಪಂದ್ಯವೂ ಸ್ವಂತ ಮೈದಾನದಲ್ಲಿಲ್ಲ. ಗಾಲಿಕುರ್ಚಿಯಲ್ಲಿ ಕುಳಿತೇ ಹುಡುಗರನ್ನು ತಿದ್ದಿದರು. ಒಂಬತ್ತು ಪಂದ್ಯ, ಒಂಬತ್ತೂ ಗೆಲುವು. 1930ರಲ್ಲಿ ಹತ್ತಕ್ಕೆ ಹತ್ತು.

1931ರ ಮಾರ್ಚ್ 31ರಂದು ಕಾನ್ಸಾಸ್ ಸಿಟಿಯಿಂದ ಲಾಸ್ ಏಂಜಲೀಸ್‌ಗೆ ವಿಮಾನ ಹತ್ತಿದರು. ಒಂದು ಚಲನಚಿತ್ರಕ್ಕೆ ಸಲಹೆ ನೀಡುವ ಕೆಲಸವಿತ್ತು. ಕಾನ್ಸಾಸ್ ರಾಜ್ಯದ ಬಜಾರ್ ಎಂಬ ಹಳ್ಳಿಯ ಹತ್ತಿರ, ಹುಲ್ಲುಗಾವಲಿನ ಮೇಲೆ ಹಾರುವಾಗ ವಿಮಾನದ ರೆಕ್ಕೆ ಮುರಿಯಿತು. ಎಂಟು ಜನರಲ್ಲಿ ಒಬ್ಬರೂ ಉಳಿಯಲಿಲ್ಲ. ರಾಕ್ನಿಯವರಿಗೆ ನಲವತ್ತಮೂರು ವರ್ಷ. ಮನೆಯಲ್ಲಿ ಹೆಂಡತಿ, ನಾಲ್ಕು ಮಕ್ಕಳು.

ಅದು ಫೋಕರ್ ಕಂಪೆನಿಯ ಮೂರು ಎಂಜಿನ್ನಿನ ವಿಮಾನ. ರೆಕ್ಕೆ ಮರದ್ದು, ತುಂಡುಗಳನ್ನು ಅಂಟಿನಿಂದ ಜೋಡಿಸಿದ್ದು. ಒಳಗೆ ಸೇರಿದ ತೇವದಿಂದ ಅಂಟು ಸಡಿಲವಾಗಿ ರೆಕ್ಕೆ ಬಲ ಕಳೆದುಕೊಳ್ಳಬಲ್ಲದೆಂಬ ಸಂಗತಿಯತ್ತ ತನಿಖೆ ಬೆರಳು ತೋರಿತು. ಸತ್ತವರಲ್ಲಿ ದೇಶವೇ ಬಲ್ಲ ವ್ಯಕ್ತಿಯೊಬ್ಬರು ಇದ್ದುದರಿಂದ ಪ್ರಶ್ನೆಗಳು ತಣ್ಣಗಾಗಲಿಲ್ಲ. ಆ ಮಾದರಿಯ ವಿಮಾನಗಳನ್ನು ನಿಲ್ಲಿಸಿ ಪರೀಕ್ಷಿಸಬೇಕಾಯಿತು. ಪ್ರಯಾಣಿಕರು ಮರದ ರೆಕ್ಕೆಯನ್ನು ನಂಬದಾದರು. ವಿಮಾನ ಸಂಸ್ಥೆ 1932ರಲ್ಲಿ ಪೂರ್ಣ ಲೋಹದ ವಿಮಾನ ಬೇಕೆಂದು ತಯಾರಕರಿಗೆ ಬರೆಯಿತು. ಡಗ್ಲಾಸ್ ಕಂಪೆನಿ ಅದಕ್ಕೆ ಉತ್ತರವಾಗಿ ನಿರ್ಮಿಸಿದ ವಿಮಾನಗಳ ಸಾಲಿನಲ್ಲಿ ಮೂರನೆಯದು 1935ರಲ್ಲಿ ಹಾರಿದ ಡಿಸಿ-3. ಭಾರತದಲ್ಲಿ ಅದಕ್ಕೆ ಡಕೋಟಾ ಎಂದು ಹೆಸರು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಬೆಂಗಳೂರಿನ ಹಿಂದುಸ್ತಾನ್ ವಿಮಾನ ಕಾರ್ಖಾನೆಯಲ್ಲಿ ದುರಸ್ತಿಯಾದ ಅಮೆರಿಕದ ವಿಮಾನಗಳಲ್ಲಿ ಇದರ ಸೇನಾ ರೂಪವೂ ಸೇರಿತ್ತು. 1947ರ ಅಕ್ಟೋಬರ್ 27ರಂದು ಭಾರತೀಯ ಸೈನಿಕರನ್ನು ಶ್ರೀನಗರಕ್ಕೆ ಇಳಿಸಿದ್ದೂ ಡಕೋಟಾಗಳೇ. ಅಪಘಾತಕ್ಕೆ ಕಾರಣ ಕೇಳುವುದನ್ನು ಬಿಡದಿದ್ದರೆ ಅದರಿಂದ ಏನು ಹುಟ್ಟಬಹುದೆಂಬುದಕ್ಕೆ ಇದೊಂದು ಉದಾಹರಣೆ.

ಶಿಷ್ಯರ ಸಾಲು

ಗುರುವನ್ನು ಅಳೆಯುವುದು ಗುರುವಿನ ಶಿಷ್ಯರಿಂದ. 1918ರ ತಂಡದಲ್ಲಿದ್ದ ಲ್ಯಾಂಬೋ ಮುಂದಿನ ವರ್ಷವೇ ತನ್ನೂರಿನಲ್ಲಿ ಗ್ರೀನ್ ಬೇ ಪ್ಯಾಕರ್ಸ್ ತಂಡ ಕಟ್ಟುವುದರಲ್ಲಿ ಮುಂದಾದರು. ಅಶ್ವಾರೋಹಿಗಳಲ್ಲಿ ಲೇಡನ್ ನೋಟರ್ ಡೇಮ್‌ನಲ್ಲಿಯೇ ರಾಕ್ನಿಯವರ ಕುರ್ಚಿಗೆ ಬಂದರು; ಕ್ರೌಲಿ ಫೋರ್ಡಂ ಕಾಲೇಜಿನ ತರಬೇತುದಾರರಾದರು. ಕ್ರೌಲಿಯ ಕೈಕೆಳಗೆ ಆಡಿದ ಹುಡುಗ ವಿನ್ಸ್ ಲೊಂಬಾರ್ಡಿ ಓದು ಮುಗಿಸಿ ನ್ಯೂಜೆರ್ಸಿಯ ಒಂದು ಶಾಲೆಯಲ್ಲಿ ಭೌತಶಾಸ್ತ್ರ, ರಸಾಯನಶಾಸ್ತ್ರ ಕಲಿಸುತ್ತ ತಂಡವನ್ನೂ ತಿದ್ದಿದರು. ಮುಂದೆ ಅದೇ ಗ್ರೀನ್ ಬೇ ತಂಡದ ಗುರುವಾಗಿ ಮೊದಲ ಎರಡು ಸೂಪರ್ ಬೌಲ್‌ಗಳನ್ನು ಗೆದ್ದುಕೊಟ್ಟರು. ಆ ಪಂದ್ಯದ ಪಾರಿತೋಷಕಕ್ಕೆ ಈಗ ಲೊಂಬಾರ್ಡಿಯವರದೇ ಹೆಸರು. ರಸಾಯನಶಾಸ್ತ್ರದ ಮೇಷ್ಟ್ರೊಬ್ಬರಿಂದ ಹೊರಟ ದೀಪ ಇನ್ನೊಬ್ಬ ವಿಜ್ಞಾನ ಮೇಷ್ಟ್ರ ಕೈಗೆ ಬಂದು ಸೇರಿತ್ತು.

'ಓದು ಒಕ್ಕಾಲು, ಬುದ್ಧಿ ಮುಕ್ಕಾಲು' ಎಂಬ ಗಾದೆಯಿದೆ. ರಾಕ್ನಿಯವರ ಬದುಕಿನಲ್ಲಿ ಆ ಒಕ್ಕಾಲು ಕೈಬಿಟ್ಟಿರಲಿಲ್ಲ ಎಂಬುದನ್ನು ವಿದ್ಯಾರ್ಥಿಗಳು ಗಮನಿಸಬೇಕು. ಫುಟ್‌ಬಾಲ್ ಇಲ್ಲದಿದ್ದರೂ ಬದುಕಲು ಅವರ ಕೈಯಲ್ಲಿ ಒಂದು ಪದವಿಯಿತ್ತು, ಒಂದು ವಿದ್ಯೆಯಿತ್ತು. ಆಟದಲ್ಲಿ ನಾಳೆಯೇ ಕಾಲು ಮುರಿಯಬಹುದು, ಕಲಿತದ್ದು ಮುರಿಯುವುದಿಲ್ಲ.

ಹೆತ್ತವರು ಗಮನಿಸಬೇಕಾದದ್ದು ಬೇರೆ. ಹದಿನೆಂಟರಲ್ಲಿ ಆ ಹುಡುಗನನ್ನು ನೋಡಿದ್ದರೆ ಯಾರಾದರೂ ಏನೆನ್ನುತ್ತಿದ್ದರು? ಶಾಲೆ ಪೂರೈಸದವನು, ಓಟದ ಹುಚ್ಚಿನವನು, ಕಾಗದ ವಿಂಗಡಿಸುವವನು. ಆದರೆ ಆ ನಾಲ್ಕು ವರ್ಷ ಅವನು ಸುಮ್ಮನೆ ಕೂತಿರಲಿಲ್ಲ. ತನ್ನ ಓದಿಗೆ ತಾನೇ ಒಂದೊಂದು ಡಾಲರ್ ಕೂಡಿಡುತ್ತಿದ್ದ. ಒಂದು ವರ್ಷದ ಫಲಿತಾಂಶ ಕೈಯಲ್ಲಿ ಹಿಡಿದು ಮಗುವಿನ ಇಡೀ ಬದುಕಿನ ಮೇಲೆ ತೀರ್ಪು ಬರೆಯುವ ಮೊದಲು, ಆ ಮಗು ಒಳಗೊಳಗೇ ಏನನ್ನು ಕೂಡಿಡುತ್ತಿದೆ ಎಂದು ಒಮ್ಮೆ ಕೇಳಿ ನೋಡಬಹುದು. ಅಟ್ಟದ ಮೇಲಿಟ್ಟ ಚೆಂಡನ್ನು ಪರೀಕ್ಷೆ ಮುಗಿದ ಮರುದಿನವಾದರೂ ಕೆಳಗಿಳಿಸಿಕೊಡಬಹುದು.